ಓಣಿಬಾವಿಯ ಜೈನಾಬಕ್ಕ

ಮಾನ್ವಿಯಲ್ಲಿ ಆ ದಿನ ಮಧ್ಯಾಹ್ನ ಹಿಡಿದ ಮಳೆ ಸಂಜೆಯಾದರೂ ಬಿಟ್ಟಿರಲಿಲ್ಲ. ಕರೆಂಟು ಹೋಗಿತ್ತು. ನಾನು ಬಾಡಿಗೆಗಿದ್ದ ಮನೆಯ ಪಡಸಾಲೆಯಲ್ಲಿ ನಾನು, ಅಂಬಿಕಾ, ಯಾಸ್ಮೀನ್, ಒಂದೇ ಶಾಲೆಯ ಟೀಚರುಗಳು, ಒಗ್ಗರಣಿ ಮಿರ್ಚಿ ತಿನ್ನುತ್ತ ಕೂತಿದ್ದೆವು. ಮನೆಯೊಡತಿ ಅಮರಮ್ಮ, ಸರ್ಕಾರಿ ದವಾಖಾನೆಯಲ್ಲಿ ನರ್ಸ್ ಆಗಿದ್ದು ರಿಟೈರ್ ಆದವರು, ಬಾಗಿಲ ಬಳಿ ಕುರ್ಚಿ ಹಾಕಿಕೊಂಡು ಮಳೆ ನೋಡುತ್ತಿದ್ದರು. ರಾಯಚೂರು ಕೋಟೆಯ ಸುತ್ತ ದೆವ್ವದ ಕತೆ ಹೇಳುತ್ತ ಜನರನ್ನು ನಡೆಸಿಕೊಂಡು ಹೋಗುವ ಟೂರಿನ ಬಗ್ಗೆ ಅಂಬಿಕಾಗೆ ಯಾರೋ ಹೇಳಿದ್ದರು. ಭಾನುವಾರ ಮೂವರೂ ಹೋಗೋಣ ಎಂದು ಮಾತಾಯಿತು.

"ಅದರಾಗ ಒಂದು ಬಾವಿ ದೆವ್ವ ಅದಂತ, ಭಾಳ ಫೇಮಸ್. ಕೂಸನ್ನ ಕೊಂದಾಕಿ" ಎಂದು ಅಂಬಿಕಾ ಅಂದದ್ದೇ ತಡ, ಅಮರಮ್ಮ ತಿರುಗಿ ನೋಡಿದರು.

"ಹತ್ರ ಸರೀರವಾ" ಎಂದರು. "ಮಳಿ ಸಪ್ಪಳದಾಗ ನನ್ನ ದನಿ ಕೇಳ್ಸಂಗಿಲ್ಲ. ಆಕಿ ಕತಿ ನನ್ನ ಬಾಯಿಂದ ಕೇಳ್ರಿ, ಆಮ್ಯಾಲ ಹೋಗ್ತೀರೋ ಬಿಡ್ತೀರೋ ನಿಮಗ ಬಿಟ್ಟದ್ದು..."

ಆಮೇಲೆ ಅವರು ಹೇಳಿದ್ದು ಇದು.

ರಾಯಚೂರಾಗ ಕೋಟಿ ಹಿಂದ ಒಂದು ಸಣ್ಣ ಓಣಿ ಅದ. ಈಗ ಎರಡೂ ಕಡೆ ಸಿಮೆಂಟ್ ಮನಿ ಎದ್ದಾವ, ಬಾಗಿಲಿಗೊಂದು ಬೈಕ್ ನಿಂತಿರ್ತದ. ನಾ ಸಣ್ಣಾಕಿ ಇದ್ದಾಗ ಎಲ್ಲಾ ಮಣ್ಣಿನ ಮನಿ, ನಡುವ ಒಂದು ಮೆಟ್ಟಿಲಬಾವಿ. ನಮ್ಮವ್ವ ಹತ್ತಿ ಜಿನ್ನಿಂಗ್ ಮಿಲ್ಲಿಗಿ ಕೂಲಿ ಹೋಗಾಕಿ. ಹೋಗುವಾಗ ನನ್ನ ಬಾಜೂ ಮನಿ ಜೈನಾಬಕ್ಕನ ಹತ್ರ ಬಿಟ್ಟು ಹೋಗ್ತಿದ್ಲು. ಜೈನಾಬಕ್ಕಗ ಆಗ ಲಗ್ನ ಗೊತ್ತಾಗಿತ್ತು. ಇಡೀ ದಿನ ಕಟ್ಟಿಮ್ಯಾಲ ಕುಂತು ಕೌದಿ ಹೊಲಿಯಾಕಿ, ನಾನು ಆಕಿ ಮಗ್ಗಲಾಗ ಚಿಂದಿ ಅರಿವಿ ಆರಿಸ್ಕೊಂತ ಆಡಾಕಿ. ಆಕಿ ಮುಖ ನನಗ ಇನ್ನೂ ನೆನಪದ ಅಂದ್ರ ನಂಬತೀರಾ? ನಮ್ಮವ್ವನ ಆಗಿನ ಮುಖ ಮರ್ತೀನಿ, ಆಕಿದು ಮರ್ತಿಲ್ಲ.

ಒಂದಿನ ಹಿಂಗಾ ಮಳಿ ಹೊಡದು ಬಾವಿ ಮ್ಯಾಲಿನ ಮೆಟ್ಟಿಲ ತನಕ ತುಂಬಿತ್ತು. ನಾ ಹೋಗಿ ಜಾರಿದೆ. ಜೈನಾಬಕ್ಕ ಕೌದಿ ಒಗದು ಓಡಿ ಬಂದು ಜಿಗಿದ್ಲಂತ. ಆಕಿಗಿ ಈಜು ಬರ್ತಿತ್ತೇನು? ಎಲ್ಲಿದು ತಂಗೀ... ಕೋಲಿನಂಗ ಎರಡೂ ಕೈ ಎತ್ತಿ ನನ್ನ ನೀರಿನ ಮ್ಯಾಲ ಹಿಡದಿದ್ಲಂತ, ಮ್ಯಾಲ ಬರೀ ನಾನು, ಕೆಳಗ ಆಕಿ. ಮಂದಿ ಬಂದು ನನ್ನ ಎಳಕೊಂಡ್ರು. ನಾ ಅಳಲಿಲ್ಲ, ಮೈ ನೀಲಿಗಟ್ಟಿತ್ತಂತ. ಮಕಾಡೆ ಹಾಕಿ ಬೆನ್ನು ಬಡದು ಬಡದು, ಭಾಳ ಹೊತ್ತಿನ ಮ್ಯಾಲ ಉಸುರು ಬಂದು ಅತ್ತೆ. ಅಷ್ಟೊತ್ತಿಗಿ ಜೈನಾಬಕ್ಕ ತಳಾ ಸೇರಿದ್ಲು.

ಈ ಮಾತು ನಮ್ಮ ಮನ್ಯಾಗ ಯಾರಿಗೂ ಮುಚ್ಚಿಟ್ಟಿದ್ದಲ್ಲ. ನನ್ನ ಮಗಳಿಗಿ ಹೇಳೀನಿ, ಮಗಳ ಮಗ ಶೇಖರಗ ಹೇಳೀನಿ. ಅವ ಸಣ್ಣಾಂವ ಇದ್ದಾಗ ನನ್ನ ತೊಡಿಮ್ಯಾಲ ತಲಿ ಇಟ್ಟು, "ಯವ್ವಾ, ಆಕಿ ನಿನ್ನ ಎತ್ತಲಿಲ್ಲಂದ್ರ ನಾನೂ ಹುಟ್ತಿದ್ದಿಲ್ಲ ಅಲಾ?" ಅಂತ ಕೇಳ್ತಿದ್ದ. ಹೌದಪ್ಪಾ ಅಂತಿದ್ದೆ.

ದೊಡ್ಡಾಂವಾದ, ಯರಗೇರಾ ಪಿಜಿ ಸೆಂಟರ್‌ನ್ಯಾಗ ಇತಿಹಾಸ ಓದಿದ. ನೌಕರಿ ದಾರಿ ನೋಡಿ ನೋಡಿ ಬ್ಯಾಸತ್ತು ಈ ಟೂರ್ ಚಾಲೂ ಮಾಡಿದ. ಮೊದಲಿಗಿ ಕೋಟಿ ಬಾಗಿಲು, ಶಾಸನ, ರಾಜರು, ಯುದ್ಧ ಅಂತ ಹೇಳ್ತಿದ್ದ. ಬಂದ ಮಂದಿ ಆಕಳಿಸ್ತಿದ್ರು. ಆಮ್ಯಾಲ ದೆವ್ವದ ಕತಿ ಸೇರಿಸಿದ. ಆಗ ನೋಡ್ರಿ, ಹೈದರಾಬಾದ್‌ನಿಂದ, ಬಳ್ಳಾರಿಯಿಂದ ಬರಾಕತ್ತಿದ್ರು. ಪೇಪರ್‌ನ್ಯಾಗ ಅವನ ಫೋಟೋ ಬಂತು. ನಾನು ಇಲ್ಲಿ ಮಾನ್ವಿಯಾಗ ನಮ್ಮ ಓಣಿ ತುಂಬಾ ತೋರಿಸಿ ಬಂದೆ. "ನಾನೂ ಒಮ್ಮಿ ಬರ್ತೀನಪ್ಪಾ" ಅಂದ್ರ, "ಬ್ಯಾಡ ಯವ್ವಾ, ಭಾಳ ನಡಿಬೇಕು, ನಿನ್ನ ಮೊಣಕಾಲು ನೋಯ್ತಾವ" ಅಂತಿದ್ದ. ನನ್ನ ಮ್ಯಾಲ ಎಷ್ಟು ಜೀವ ನೋಡು ಅಂತ ನಾ ಹಿಗ್ಗಿದ್ದು ಹಿಗ್ಗಿದ್ದ...

ಒಂದಿನ ಅವಗ ಹೇಳಲಾರದ ಹೋದೆ. ಛಲೋ ಇಲಕಲ್ ಸೀರಿ ಉಟ್ಕೊಂಡು, ರಾಯಚೂರು ಬಸ್ ಹತ್ತಿ ಹೋದೆ. ಸಂಜಿ ಮಗ್ರಿಬ್ ಆಜಾನ್ ಆಗಿತ್ತು, ಹನಿ ಹನಿ ಮಳಿ, ಬಂದವರೆಲ್ಲಾ ಛತ್ರಿ ಹಿಡದಿದ್ರು. ನಾನೂ ಛತ್ರಿ ಮುಖಕ್ಕ ಅಡ್ಡ ಹಿಡದು ಹಿಂದ ಹಿಂದ ನಡದೆ. ಎಷ್ಟು ಚಂದ ಹೇಳ್ತಿದ್ದ ಅಂತೀರಿ! ಕೋಟಿ ಗೋಡಿ ಮುಂದ ಅವ ದನಿ ಇಳಿಸಿದ್ರ ಕಾಲೇಜು ಹುಡುಗ್ಯಾರು ಒಬ್ಬರ ಕೈ ಒಬ್ಬರು ಹಿಡಕೊಂತಿದ್ರು. ಹೋಗ್ತಾ ಹೋಗ್ತಾ ನಮ್ಮ ಓಣಿ ಬಂತು. ಬಾವಿಗಿ ಈಗ ಕಬ್ಬಿಣದ ಜಾಳಗಿ ಹಾಕ್ಯಾರ. ಅದರ ಮುಂದ ನಿಂತು ನನ್ನ ಮೊಮ್ಮಗ ಅಂದ, "ಈ ಓಣ್ಯಾಗ ಜೈನಾಬ್ ಅಂತ ಒಬ್ಬಾಕಿ ಇದ್ಲು..."

ಆಗ ನೋಡಿದೆ. ನನ್ನ ಎದುರಿಗಿ, ಮಂದಿಯ ಆಚಿ ಕಡೆ, ಛತ್ರಿ ಇಲ್ಲದ ಒಬ್ಬಾಕಿ ನಿಂತಿದ್ಲು. ಹಸಿ ಸೀರಿ ಮೈಗಿ ಅಂಟಿತ್ತು. ಜೈನಾಬ್ ಅಂತ ಹೆಸರು ಕೇಳಿದ ಕೂಡ್ಲೆ ಆಕಿ ತಲಿ ಎತ್ತಿದ್ಲು... ತಂಗೀ, ತವರಿನವರು ಬಾಗಿಲಿಗಿ ಬಂದು ಹೆಸರು ಹಿಡದು ಕರದ್ರ ಹೆಂಗಸರ ಮುಖ ಅರಳತದ ನೋಡು, ಹಂಗ ಅರಳಿತು. ನಾ ಗುರ್ತು ಹಿಡದೆ. ಅದಾ ಮುಖ, ಅದಾ ವಯಸ್ಸು.

ಶೇಖರ ಮುಂದ ಹೇಳಿದ. ಜೈನಾಬಗ ಕೋಟಿ ಸಿಪಾಯಿ ಸಂಗ ಸಂಬಂಧ ಇತ್ತಂತ, ಲಗ್ನ ಆಗಲಾರದ ಕೂಸು ಹುಟ್ಟಿತಂತ, ಮಳಿ ಸಂಜಿಮುಂದ ಕೂಸಿನ ಕುತ್ತಿಗಿ ಹಿಚಿಕಿ ಬಾವಿಗಿ ಒಗದು ತಾನೂ ಬಿದ್ಲಂತ, ಈಗ ಹೋಗಿ ಬರೋ ಗಂಡಸರ ಹೆಸರು ಹಿಡದು ಕರೀತಾಳಂತ. ಒಂದೊಂದು ಮಾತಿಗೂ ಆಕಿ ಮುಖ ಇಳೀತಾ ಹೋತು. ಮೊದಲು ಹಣಿ ಗಂಟಿಕ್ಕಿ ಕೇಳಿದ್ಲು, ಬ್ಯಾರೆ ಯಾರದೋ ಮಾತಿರಬೇಕು ಅನ್ನೋವರಂಗ. ಆಮ್ಯಾಲ ಸೆರಗು ಎಳಕೊಂಡ್ಲು, ಇನ್ನೂ ಎಳಕೊಂಡ್ಲು, ಮುಖಾ ಪೂರಾ ಮುಚ್ಚಿತು. ಬಗ್ಗಿ, ಗೋಡಿಗಿ ಮೈ ತಿಕ್ಕೊಂತ ಹಿಂದ ಸರದು ಹೋದ್ಲು.

ದೆವ್ವ ಅಂಜಸ್ತದ ಅಂತಾರ. ದೆವ್ವ ನಾಚಿಕೊಂಡದ್ದು ಯಾರರ ನೋಡೀರೇನು?

"ಜೈನಾಬಕ್ಕಾ!" ಅಂತ ಚೀರಿದೆ ನಾನು. ಮಂದಿ ಎಲ್ಲಾ ಕಿಟಾರನ ಕಿರಚಿ, ಆಮ್ಯಾಲ ನಕ್ಕು, ಚಪ್ಪಾಳಿ ಹೊಡದ್ರು. ಮುದುಕಿನ್ನ ಮೊದಲಾ ಹೇಳಿ ನಿಂದ್ರಿಸ್ಯಾರ, ಇದೂ ಆಟದಾಗಿಂದು ಅಂದ್ಕೊಂಡ್ರು. ಶೇಖರ ನನ್ನ ನೋಡಿ ಬೆಳ್ಳಗಾದ.

ಚಪ್ಪಾಳಿ ಸಪ್ಪಳಕ್ಕ ಬಾಜೂ ಮನಿ ಬಾಗಿಲು ತೆರಿತು. ಗುಲ್ಶನ್ ಬೇಗಂ, ಜೈನಾಬಕ್ಕನ ತಂಗಿ ಮಗಳು, ಹೊರಗ ಬಂದ್ಲು. ನನ್ನ ನೋಡಿ ಆಕಿ ಸಿಟ್ಟು ಮಾಡಲಿಲ್ಲ, ಮಾಡಿದ್ರ ಛಲೋ ಇತ್ತು. "ಅಮರಕ್ಕಾ, ನೀನೂ ಬಂದ್ಯಾ ಕೇಳಾಕ" ಅಂದ್ಲು. "ನಮ್ಮ ಹುಡುಗಿನ್ನ ನೋಡಾಕ ಬಂದವರು, ಕೂಸು ಕೊಂದಾಕಿ ಮನಿ ಇದಾ ಅಲ್ಲಾ ಅಂತ ಕೇಳಿ, ಚಾ ಸೈತ ಮುಟ್ಟಲಾರದ ಎದ್ದು ಹೋದ್ರು. ಹೇಳಾಂವ ಅಮರಕ್ಕನ ಮೊಮ್ಮಗ, ಆಕಿಗಿ ಗೊತ್ತಿರಲಾರದ ಹೇಳ್ತಾನೇನು, ಅಂತ ನಾವು ಬಾಯಿ ಮುಚ್ಕೊಂಡು ಕಿಟಕಿ ಹಾಕ್ಕೊಂಡ್ವಿ."

ನನಗ ಭೂಮಿ ಬಿರಿಬೇಕಿತ್ತು ನೋಡ್ರವಾ... ಆಕಿ ಹೊಸ್ತಿಲಾ ನೋಡ್ಕೊಂತ ನಿಂತೆ, ಮುಖಾ ನೋಡಾಕ ಆಗಲಿಲ್ಲ.

ಮಂದಿ ಹೋದ ಮ್ಯಾಲ ಶೇಖರನ್ನ ಕೇಳಿದೆ. "ಗೊತ್ತಿದ್ದೂ ಹೇಳಿದೇನಪ್ಪಾ?"

ತಲಿ ಎತ್ತಲಿಲ್ಲ. "ಮೊದಲು ಕೋಟಿ ಬಾಗಿಲ ಹತ್ರಾನ ನಿಂತು ಖರೇ ಕತಿನಾ ಹೇಳಿದ್ದೆ ಯವ್ವಾ. ಕೂಸನ್ನ ಉಳಿಸಿದಾಕಿ ದೆವ್ವಾದ್ರ ಯಾರು ಅಂಜ್ತಾರ? ಪಾಪ ಅಂದು ಮುಂದ ನಡೀತಿದ್ರು. ಒಂದಿನ ಮಂದಿನ್ನ ಬಾವಿ ತನಕ ಕರಕೊಂಡು ಬಂದು ಸ್ವಲ್ಪ ತಿರುವಿದೆ. ಮುಂದಿನ ವಾರ ಇನ್ನಷ್ಟು. ಸತ್ತು ಎಷ್ಟೋ ಕಾಲಾಗ್ಯದ, ಆಕಿಗೇನು ತಿಳೀತದ ಅಂದ್ಕೊಂಡೆ."

"ಆಕಿ ನಿಂತು ಕೇಳಿದ್ಲೋ" ಅಂದೆ. ನಂಬಲಿಲ್ಲ. ಯವ್ವಗ ಕಣ್ಣು ಮಂಜಾಗ್ಯಾವ ಅಂದ್ಕೊಂಡಿರಬೇಕು. ಆದ್ರ ಇನ್ನ ಆ ಕತಿ ಹೇಳಂಗಿಲ್ಲ, ಮುಂದಿನ ಸಲ ಎಲ್ಲಾರ ಮುಂದ ತಿದ್ದಿ ಹೇಳ್ತೀನಿ ಅಂತ ಮಾತು ಕೊಟ್ಟ.

ಮುಂದಿನ ವಾರ ಟೂರ್ ಅರ್ಧಕ್ಕ ಬಿಟ್ಟು ಮಾನ್ವಿಗಿ ಬಂದ. ಬಾವಿ ಮುಂದ ನಿಂತು ಬಾಯಿ ತೆಗಿಯೋದ್ರಾಗ ಹಿಂದಿನಿಂದ ಒಬ್ಬಾಕಿ ಮಂದಿಯ ನಡುವ ಹಾದು ಬಂದ್ಲಂತ, ಒಬ್ಬರೂ ಸರದು ದಾರಿ ಬಿಡಲಿಲ್ಲಂತ, ಆದ್ರೂ ಬಂದ್ಲಂತ. ಅವನ ಮುಂದಾ ನಿಂತು, ಸೆರಗಿನೊಳಗಿನಿಂದ ಕೇಳಿದ್ಲಂತ, "ತಮ್ಮಾ, ನೀ ಬಂದಾಗೊಮ್ಮಿ ನಿನ್ನ ಕತಿ ಕೇಳ್ತೀನಿ. ಕೂಸು ಬದುಕಿತು ಅಂತ ಇವತ್ತರ ಹೇಳ್ತಾನ, ನಾಳಿಗರ ಹೇಳ್ತಾನ ಅಂತ ನಿಂದರ್ತೀನಿ... ಖರೇನಾ? ನಾನಾ ಕೊಂದ್ನ್ಯಾ?"

ಆಕಿಗಿ ಗೊತ್ತಾ ಇದ್ದಿಲ್ಲ ನೋಡ್ರಿ! ಎತ್ತಿ ಹಿಡದ ಕೂಸು ಅತ್ತದ್ದು ಆಕಿಗಿ ಕೇಳಿದ್ದಿಲ್ಲ. ಇಷ್ಟು ವರ್ಷ ಅದೊಂದು ಮಾತಿಗಿ ಕಾದು ನಿಂತಾಕಿಗಿ, ನನ್ನ ಮೊಮ್ಮಗ ಏನು ಹೇಳಿದ್ದ?

"ನೀ ಏನಂದೆಪ್ಪಾ?" ಅಂತ ಕೇಳಿದೆ.

"ಬಾಯಿ ಬರಲಿಲ್ಲ ಯವ್ವಾ" ಅಂದ. "ಬದುಕೇದ, ನಮ್ಮಜ್ಜಿನಾ ಅದು, ಅನ್ನಬೇಕಂದೆ. ನಾಚಿಕಿಗಿ ತಲಿ ತಗ್ಗಿಸಿದೆ. ಆಕಿ ಹಂಗಾ ಕಾದು ನಿಂತು, ನಾ ಸುಮ್ಮನಿದ್ದದ್ದು ನೋಡಿ, ಹೌದನ್ನವರಂಗ ಗೋಣು ಹಾಕಿ ಹೋದ್ಲು." ಹೇಳಿ ಕೂಸಿನಂಗ ಅತ್ತ.

ಮರುದಿನ ಇಬ್ಬರೂ ರಾಯಚೂರಿಗಿ ಹೋದ್ವಿ. ಶೇಖರ ಗುಲ್ಶನ್ ಕಾಲಿಗಿ ಬಿದ್ದ. ಆಕಿ ಕಾಲು ಹಿಂದಕ ಎಳಕೊಂಡು, "ನನಗ್ಯಾಕೋ ಬೀಳ್ತಿ, ನಮ್ಮ ಜೈನಾಬ್ ಖಾಲಾಗ ಹೇಳು" ಅಂದ್ಲು. ಸಂಜಿಮುಂದ ಓಣಿ ಮಂದಿನ್ನೆಲ್ಲಾ ಕರದು, ಬಾವಿ ಮುಂದ ನನ್ನ ನಿಂದ್ರಿಸಿ, ತಾ ಹೇಳಿದ್ದು ಸುಳ್ಳು, ಜೈನಾಬಕ್ಕ ಉಳಿಸಿದ ಕೂಸು ಇದಾ ಅಂತ ಹೇಳಿದ. ಹೇಳೋವಾಗ ಅವನ ದನಿ ಹತ್ತು ಸಲ ಒಡೀತು.

ಆಕಿ ಬಂದ್ಲು. ಜಾಳಗಿ ಆಚಿ ನಿಂತ್ಲು. "ಜೈನಾಬಕ್ಕಾ, ನಾನವಾ, ನಿನ್ನ ಅಮರಿ. ಬದುಕೀನಿ. ಹಡದೀನಿ, ಮೊಮ್ಮಕ್ಕಳ ಕಂಡೀನಿ. ಅತ್ತೆ ಅಕ್ಕಾ, ತಡಾ ಮಾಡಿ ಅತ್ತೆ" ಅಂದೆ. ಆಕಿ ನನ್ನ ಬಿಳಿಕೂದಲು ನೋಡಿದ್ಲು, ಸುಕ್ಕುಗಟ್ಟಿದ ಕೈ ನೋಡಿದ್ಲು. ನನ್ನ ಮೊಮ್ಮಗಳ ವಯಸ್ಸಿನಾಕಿ, ನನ್ನ ಹಿರೇ ಅಕ್ಕ, ನನಗಾ ಸಮಾಧಾನ ಹೇಳೋವರಂಗ ನಕ್ಕಳು.

"ಯಾಕ ಯವ್ವಾ, ನನ್ನ ಸಲುವಾಗಿ ನಿನ್ನಂಥಾ ಹಿರ್ಯಾಳು ಸುಳ್ಳು ಹೇಳ್ತಿ?" ಅಂದ್ಲು. "ಅದು ಸಣ್ಣ ಕೂಸಿತ್ತು. ಊರ ಮಂದಿಯೆಲ್ಲಾ ಹೇಳಾಕತ್ತಾರ. ಅಷ್ಟು ಮಂದಿ ಸುಳ್ಳು ಹೇಳ್ತಾರೇನು?" ಹಂಗಂದು ಸೆರಗು ಎಳಕೊಂಡ್ಲು.

ಶೇಖರ ಅವತ್ತಿಗಿ ಟೂರ್ ಬಿಟ್ಟ. ಈಗ ದೇವದುರ್ಗದಾಗ ಒಂದು ಖಾಸಗಿ ಶಾಲ್ಯಾಗ ಕಲಿಸ್ತಾನ. ರಾಯಚೂರಿಗಿ ಬಂದ್ರ ಆ ಓಣಿ ಕಡೆ ಮುಖ ಹಾಕಂಗಿಲ್ಲ. ಅವ ಬಿಟ್ಟರ ಕತಿ ಬಿಡ್ತದೇನು? ಬ್ಯಾರೆಯವರು ಎತ್ತಿಕೊಂಡಾರ, ಹೇಳಾಕತ್ತಾರ. ನಾ ಹೋಗಿ ಕೈ ಮುಗದೆ; ಒಬ್ಬಾಂವ ಬಿಡ್ತೀನಂದ, ಇನ್ನೊಬ್ಬ ನಕ್ಕ.

ನಾನು ಶುಕ್ರವಾರಕ್ಕೊಮ್ಮಿ ಬಸ್ ಹತ್ತಿ ಹೋಗ್ತೀನಿ. ಗುಲ್ಶನ್ ಒಂದು ಕುರ್ಚಿ ಹಾಕ್ತಾಳ. ಬಾವಿ ಮುಂದ ಕುಂತು, ಬದುಕೀನಕ್ಕಾ, ಬದುಕೀನಕ್ಕಾ, ಅಂತ ಹೇಳ್ತೀನಿ. ಒಂದಿನ ನಂಬ್ಯಾಳು ಅಂತ ಆಸೆ...

ಹೋದ ಶುಕ್ರವಾರ ಮಳಿ ಜೋರಿತ್ತು, ಟೂರ್ ಮಂದಿ ಒಬ್ಬರೂ ಬಂದಿದ್ದಿಲ್ಲ. ನಾ ಓಣಿ ತಿರುವಿಗಿ ಬರೋದ್ರಾಗ ಬಾವಿ ಕಡಿಂದ ಯಾರೋ ಮಾತಾಡೋದು ಕೇಳ್ಸಿತು. ಜಾಳಗಿ ಮುಂದ ಆಕಿ ನಿಂತಿದ್ಲು, ಟೂರ್ ಮಾಡ್ಸೋರು ನಿಂದರೋ ಜಾಗಾದಾಗ. ಎದುರಿಗಿ ಒಂದು ನರಪಿಳ್ಳಿ ಇಲ್ಲ. ಕೈ ತಿರುವಿ, ದನಿ ಇಳಿಸಿ, ನನ್ನ ಮೊಮ್ಮಗನ ಮಾತು ಒಂದೂ ಬಿಡಲಾರದ ಆಕಿನಾ ಹೇಳಾಕತ್ತಿದ್ಲು...

"ಈ ಓಣ್ಯಾಗ ಜೈನಾಬ್ ಅಂತ ಒಬ್ಬಾಕಿ ಇದ್ಲು. ಕೂಸಿನ ಕುತ್ತಿಗಿ ಹಿಚಿಕಿ ಕೊಂದ್ಲು..."