ನೋಟಿಸ್ ಇಲ್ಲದ ಆದೇಶ

ಅಂತ್ಯಕ್ರಿಯೆಯ ನಂತರದ ಮೊದಲ ಮಾಮೂಲಿ ಬೆಳಿಗ್ಗೆ, ನನ್ನ ಗಂಡ ಎರವಲು ತಂದಿದ್ದ ಮರದ ಹಿಡಿಯ ಕೊಡೆಯನ್ನು ಹಿಂತಿರುಗಿಸಲು ಅವರ ಕಚೇರಿಗೆ ಹೋದೆ. ಅದು ಯಾರದೆಂದು ಗೊತ್ತಿರಲಿಲ್ಲ. ಬೆಂಚಿನಲ್ಲಿ ನನ್ನ ಪಕ್ಕ ಒಬ್ಬ ಪಂಪ್ ಆಪರೇಟರ್, ಅವನ ಭಾವ ಕುಳಿತಿದ್ದರು.

"ವಿಚಾರಣೇಲಿ ತಪ್ಪಿಲ್ಲ ಅಂತಾಯ್ತು, ಕೆಲಸಕ್ಕೂ ತಗೊಂಡ್ರು. ಆದ್ರೂ ಅಮಾನತಿನ ಅವಧಿ ಸೇವೆಗೆ ಸೇರಲ್ಲ ಅಂತ ಇಲ್ಲಿನ ಸಾಹೇಬ ಬರೆದುಬಿಟ್ಟ, ಭಾವ. ಪಿಂಚಣಿಗೇ ಕಲ್ಲು ಬಿತ್ತು."

"ಕೋರ್ಟಿಗೆ ಹೋಗು."

"ಕೋರ್ಟು ಮತ್ತೆ ಪರಿಶೀಲಿಸಿ ಅಂತ ಇಲ್ಲಿಗೇ ಕಳಿಸುತ್ತೆ. ಹಾಲು ಕಾಯೋಕೆ ಬೆಕ್ಕಿಗೇ ಹೇಳಿದ ಹಾಗೆ."

"ಬೆಕ್ಕು ಸತ್ತಾಯ್ತಲ್ಲೋ."

ಬೆಕ್ಕು ಎಂದರೆ ನನ್ನ ಗಂಡ.

"ಆದೇಶಕ್ಕೆ ಮೊದ್ಲು ನೋಟಿಸ್ ಕೊಟ್ಟು ನಿನ್ನ ಕೇಳಿದ್ನಾ?"

"ಇಲ್ಲ."

"ಹಾಗಾದ್ರೆ ಕೋರ್ಟಲ್ಲಿ ಅದು ನಿಲ್ಲಲ್ಲ ಅಂತಾರೆ ವಕೀಲ್ರು. ಅಷ್ಟು ಓದಿದವನಿಗೆ ಇದು ಗೊತ್ತಿರಲಿಲ್ವಾ?"

"ಬೇಕಂತಲೇ ಬಿಟ್ನಾ? ಮೇಲಿನವರ ಮಾತಿಗೆ ಸಹಿ ಹಾಕಿ, ನನಗೊಂದು ಕಿಂಡಿ ಇಟ್ಟು?"

"ಅವನಾ? ನಿನ್ನ ಕೊಡೇನೇ ವಾಪಸ್ ಕೊಡದ ಆಸಾಮಿ!"

"ಕಡ್ಡಿ ಮುರಿದ ಕೊಡೆ, ಹೋಗ್ಲಿ ಬಿಡು. ಆದ್ರೆ ನೋಟಿಸ್ ಬೇಕಂತಲೇ ಬಿಟ್ನಾ ಅಂತ ಇನ್ನು ಯಾರನ್ನ ಕೇಳೋದು?"

ವಕೀಲರ ಬಳಿ ಹೋಗಲು ಇಬ್ಬರೂ ಎದ್ದರು. ನಾನೂ ಎದ್ದು ಕೊಡೆ ಚಾಚಿದೆ. ಭಾವ ತಲೆ ತಗ್ಗಿಸಿದ. ಆಪರೇಟರ್ ನನ್ನನ್ನೊಮ್ಮೆ ನೋಡಿ, ಕೊಡೆ ಬಿಚ್ಚಿ, ಒಂದೊಂದೇ ಕಡ್ಡಿ ಮುಟ್ಟಿದ.

"ಇದು ಮುರಿದಿತ್ತಲ್ಲಮ್ಮ?"

"ಸರಿ ಮಾಡಿಸಿಟ್ಟಿದ್ದಾರೆ," ಎಂದೆ. "ನನಗೂ ಹೇಳಿರಲಿಲ್ಲ."