ಪುಕ್ಕಲಣ್ಣನ ಟಾರ್ಚ್

ಹಲ್ಲಿನ ಡಾಕ್ಟರ ಬಾಗಿಲ ಹೊರಗೆ ನನ್ನ ಪಕ್ಕ ಯಾರೋ ಅಕ್ಕ, ತಮ್ಮ ಕೂತಿದ್ದರು. ತಮ್ಮನ ಕೆನ್ನೆ ಊದಿತ್ತು.

"ಆ ದೆವ್ವದ ಆನ್‌ಲೈನ್ ಗೇಮ್ ಇನ್ನೂ ಆಡ್ತೀಯೇನೋ?"

"ಭಾನುವಾರ ಭಾನುವಾರ ರೂಮ್ ತೆರೆದಿಡ್ತೀನಕ್ಕ. ನಾನು ತೆರೆದ್ರೆ ತಾನೇ ಮಿಕ್ಕವರು ಒಳಗೆ ಬರೋಕಾಗೋದು?"

"ದೆವ್ವ ಬಂದ್ರೆ ಸಾಕು, ಇದ್ದ ಒಂದೇ ಟಾರ್ಚನ್ನೂ ಹಿಡ್ಕೊಂಡು ಅಣ್ಣ ಬೀರು ಒಳಗೆ ಸೇರ್ಕೊಂಡ್ಬಿಡ್ತಿದ್ದ!"

"ಅದಕ್ಕೇ ಅಲ್ವಾ 'ಪುಕ್ಕಲಣ್ಣ' ಅಂತ ಪಾಸ್‌ವರ್ಡ್ ಇಟ್ಟಿದ್ದು."

ಇಬ್ಬರೂ ನಕ್ಕರು.

"ಆ ಜಗಳ ಆದ್ಮೇಲೆ ಅಣ್ಣ ನಿನ್ನ ಹತ್ರ ಮಾತೇ ಬಿಟ್ಟ. ಈಗ ಯಾರ ಜೊತೆ ಆಡ್ತೀಯ?"

"ಒಬ್ಬನೇ."

"ಪಾಸ್‌ವರ್ಡ್?"

"ಅದೇ. ಬದಲಾಯಿಸಿದ್ರೆ ಅವನು ಹೇಗೆ ಬರ್ತಾನೆ?"

ಒಳಗಿನಿಂದ ಕರೆದರು. ತಮ್ಮ ಕೆನ್ನೆ ಹಿಡಿದುಕೊಂಡು ಎದ್ದ. ಅಕ್ಕ ಹಿಂದೆಯೇ ಹೊರಟಳು.

"ಈ ಭಾನುವಾರ ನಾನೂ ಬರ್ತೀನಿ. ಟಾರ್ಚ್ ಮಾತ್ರ ಮುಟ್ಬೇಡ, ಅದು ಅವನದು."