ಯಾವ ಪಚ್ಚ?

‘ಕಣ್ಣು ತೆರೆದರೆ ಸಾಕು, ಬಣ್ಣ ತಾನೇ ಬಂದು ಕೂರುತ್ತದೆ.’ ಎಲ್ಲೋ ಓದಿದ ಸಾಲು. ‘ಕೂರುತ್ತದೆ’ ಎಂದಿತ್ತೋ ‘ಹಾರುತ್ತದೆ’ ಎಂದಿತ್ತೋ, ನೆನಪಾಗುತ್ತಿಲ್ಲ. ಎಲ್ಲರ ಕಣ್ಣಿಗೂ ಬರುತ್ತದೆಯೇ?

ಅಧ್ಯಕ್ಷರಾದ ಈಶ್ವರಯ್ಯನವರೇ, ಬೆಳಗಿನಿಂದ ನಮ್ಮೆಲ್ಲರ ಕಣ್ಣು ಪರೀಕ್ಷಿಸಿದ ಡಾಕ್ಟರ್ ಉಮಾಪತಿಯವರೇ, ನಮ್ಮ ಸಾಕುಪ್ರಾಣಿಗಳ ಕಣ್ಣು ನೋಡಿದ ಡಾಕ್ಟರ್ ಪ್ರತ್ಯೂಷಾ ಅವರೇ, ಈ ತೆಲುಗು ನಾಡಿನ ಎಂವಿಪಿ ಕಾಲೋನಿಯ ಕನ್ನಡ ಬಂಧುಗಳೇ, ಕನ್ನಡ ಬಾರದಿದ್ದರೂ ಉಪ್ಪಿಟ್ಟಿನ ಮೇಲಿನ ಪ್ರೀತಿಯಿಂದ ಕುಳಿತಿರುವ ಸಭಿಕರೇ,

ವಂದನಾರ್ಪಣೆ ನನ್ನ ಪಾಲಿಗೆ ಬಂದಿದೆ. ಮೊದಲ ವಂದನೆ ಪ್ರತ್ಯೂಷಾ ಅವರಿಗೆ. ಹುಲ್ಲಿನಲ್ಲಿ ಬಿದ್ದ ಕೆಂಪು ಚೆಂಡು ನಮ್ಮ ನಾಯಿ ಮಿಠ್ಠುಗೆ ಸಿಗುವುದೇ ಇಲ್ಲ. ಮಂಕು ಎಂದುಕೊಂಡಿದ್ದೆವು. “ಮಂಕಲ್ಲ ಮೇಡಂ. ನಾಯಿಗೆ ಕೆಂಪು, ಹಸಿರು ಬೇರೆಬೇರೆಯಾಗಿ ಕಾಣಲ್ಲ. ನೀಲಿ ಚೆಂಡು ಕೊಡಿ,” ಎಂದರು. ನಾಯಿಗೆ ನೀಲಿ ಚೆಂಡು ಸಾಕು. ಮನುಷ್ಯರಿಗೆ?

ನಮ್ಮದು ಎರಡು ಭಾಷೆಯ ಮನೆ. ನನಗೆ ಪಚ್ಚೆ ಎಂದರೆ ಹಸಿರು. ನನ್ನ ಅತ್ತೆಯವರ ತೆಲುಗಿನಲ್ಲಿ ಅರಿಶಿನವೂ ಪಚ್ಚ, ಎಲೆಯೂ ಪಚ್ಚ. ನನ್ನ ಮಗ ಕೃಷ್ಣಚೈತನ್ಯ ಗಿಳಿಗೂ ಪಚ್ಚ ಎಂದ, ಅರಿಶಿನಕ್ಕೂ ಪಚ್ಚ ಎಂದ. ನಾನು ಅದನ್ನು ತೆಲುಗು ಎಂದುಕೊಂಡೆ, ಅತ್ತೆಗೆ ಅದು ಸರಿಯಾದ ತೆಲುಗೇ ಆಗಿತ್ತು. ಆ ಮಗುವಿಗೆ ಅವೆರಡೂ ಒಂದೇ ಬಣ್ಣವಾಗಿ ಕಾಣುತ್ತಿವೆ ಎಂದು ಯಾರಿಗೆ ತಾನೇ ಹೊಳೆಯಬೇಕು? ನನ್ನ ತಂದೆ ಟೊಮೆಟೊ ಹಣ್ಣಾಗಿದೆಯೇ ಎಂದು ಒತ್ತಿ ನೋಡಿಯೇ ಹೇಳುತ್ತಿದ್ದರು. ಈ ಬಣ್ಣಗುರುಡು ತಾಯಿಯ ಕಡೆಯಿಂದ ಬರುತ್ತದೆ ಎಂದು ಉಮಾಪತಿಯವರು ಈಗ ತಾನೇ ವಿವರಿಸಿದರು. ನಾನು ತಲೆ ತಗ್ಗಿಸಿ ಕೇಳಿದೆ.

ಕ್ಷಮಿಸಿ, ವಂದನೆಗೆ ಬರುತ್ತೇನೆ. ಮೈಕು ಕೊಟ್ಟ ಶ್ರೀಕಂಠ ಅವರಿಗೆ ವಂದನೆ.

ನನ್ನ ಪತಿ ರಾಮ್‌ಪ್ರಸಾದ್ ಬಂದರಿನಲ್ಲಿ ಹಡಗು ಎಳೆಯುವ ಟಗ್ ನಡೆಸುತ್ತಾರೆ. ಮಗನಿಗೂ ಅದೇ ಆಸೆ. ನಾಳೆ ಬೆಳಿಗ್ಗೆ ವಿಜಯವಾಡದ ಬೆಂಜ್ ಸರ್ಕಲ್ ಬಳಿ ಅವನ ವೈದ್ಯಕೀಯ ಪರೀಕ್ಷೆ. ಬಣ್ಣದ ಚುಕ್ಕಿಗಳ ನಡುವಿನ ಅಂಕಿ ಓದಬೇಕು. ಅದಕ್ಕೆಂದೇ ಅವನೊಂದು ಕೆಂಪು ಛಾಯೆಯ ಲೆನ್ಸ್ ತರಿಸಿಕೊಂಡಿದ್ದಾನೆ. “ಹಾಕಿಕೊಂಡರೆ ಅಂಕಿ ಕಾಣತ್ತೆ ಅಮ್ಮಾ. ಯಾರಿಗೆ ಗೊತ್ತಾಗತ್ತೆ?” ಎಂದ. ಅವನ ತಂದೆ ಊಟ ಬಿಟ್ಟು ಎದ್ದರು. “ಸಮುದ್ರದಲ್ಲಿ ಎದುರಿಗೆ ಬರೋ ಹಡಗಿನ ದೀಪ ಕೆಂಪೋ ಹಸಿರೋ ಅಂತ ಯಾರನ್ನ ಕೇಳ್ತೀಯಾ ಕಂದಾ?” ಎಂದರು. ಮಗ ಹುಟ್ಟಿದಂದಿನಿಂದ ಯಾರನ್ನೂ ಬಣ್ಣ ಕೇಳಿದವನಲ್ಲ, ಊಹಿಸಿ ನಡೆದವನು. ಆ ಲೆನ್ಸ್ ಬಣ್ಣ ಕೊಡುವುದಿಲ್ಲ, ಛಾಯೆಯ ಅಂತರವನ್ನಷ್ಟೇ ತೋರಿಸುತ್ತದೆ, ಕತ್ತಲಲ್ಲಿ ನಂಬುವಂತಿಲ್ಲ ಎಂದು ಇವತ್ತು ಡಾಕ್ಟರು ಹೇಳುವಾಗ ಅವನು ಇಲ್ಲಿರಬೇಕಿತ್ತು. ಅಷ್ಟರಲ್ಲಿ ರೈಲಿಗೆ ಹೊರಟುಹೋಗಿದ್ದ. ಲೆನ್ಸ್ ಕಣ್ಣಲ್ಲಿತ್ತೋ, ಡಬ್ಬಿಯಲ್ಲಿತ್ತೋ ನನಗೆ ಗೊತ್ತಿಲ್ಲ. ಗೆದ್ದು ಬಾ ಎನ್ನಲೇ? ಸೋತರೂ ಪರವಾಗಿಲ್ಲ ಎನ್ನಲೇ?

ವೈದ್ಯರಿಬ್ಬರಿಗೂ, ಅಧ್ಯಕ್ಷರಿಗೂ, ತಾಳ್ಮೆಯಿಂದ ಕೇಳಿದ ನಿಮಗೂ ಮನಸಾರೆ ಕೃತಜ್ಞತೆ, ನಮಸ್ಕಾರ.

ಮೈಕು ಬಿಡುವ ಮುನ್ನ ಒಂದೇ ಮಾತು. ನಾನು ಇಲ್ಲಿಗೆ ಹೊರಟಾಗ ಪಕ್ಕದ ಮನೆಯ ಕೋಟೇಶ್ವರಮ್ಮ ಬಾಗಿಲಲ್ಲಿ ನಿಲ್ಲಿಸಿದರು. “ನಿಮ್ಮ ಹುಡುಗನಿಗೆ ಏನಾಯ್ತಮ್ಮಾ ಇವತ್ತು?” ಎಂದರು. “ಎಂದೂ ಇಲ್ಲದವನು, ಹೊರಡುವಾಗ ಷರ್ಟು ಹಿಡಿದು ತೋರಿಸಿ ಕೇಳಿದ, ‘ಆಂಟೀ, ಇದಿ ಏ ಪಚ್ಚ? ಅರಿಶಿನದ್ದಾ, ಎಲೆಯದ್ದಾ?’ ಅಂತ.”